ಕ್ಲಿಯೋಪಾತ್ರಳ ನಾಲ್ವರು ಮಕ್ಕಳು ಏನಾದರು?

ಪ್ರಶ್ನೆ: ಕ್ಲಿಯೋಪಾತ್ರ ಅಂದರೆ ಹಾವು ಕಚ್ಚಿಸಿಕೊಂಡು ಸತ್ತ ಈಜಿಪ್ಟಿನ ರಾಣಿ, ನನಗೆ ಗೊತ್ತಿದ್ದದ್ದು ಇಷ್ಟೇ. ಆಕೆಗೆ ನಾಲ್ಕು ಜನ ಮಕ್ಕಳಿದ್ದರು ಅಂತ ಈಚೆಗೆ ಓದಿದೆ. ತಾಯಿ ಹೋದ ಮೇಲೆ ಅವರ ಗತಿ ಏನಾಯಿತು? ರೋಮಿನವರು ಎಲ್ಲರನ್ನೂ ಕೊಂದರಾ? ದೊಡ್ಡ ಮಗ ಭಾರತಕ್ಕೆ ತಪ್ಪಿಸಿಕೊಂಡು ಬರುವುದರಲ್ಲಿದ್ದ ಅನ್ನುವುದು ನಿಜವಾ? ಆಕೆಯ ವಂಶದವರು ಈಗಲೂ ಇದ್ದಾರಾ?

ಉತ್ತರ: ಮೊದಲು ಚುಟುಕಾಗಿ ಹೇಳಿಬಿಡುತ್ತೇನೆ. ನಾಲ್ವರಲ್ಲಿ ಹಿರಿಯವನನ್ನು ಕೊಂದರು. ಇಬ್ಬರು ಗಂಡುಮಕ್ಕಳನ್ನು ಬದುಕಲು ಬಿಟ್ಟರು, ಆದರೆ ಅವರ ಸುದ್ದಿ ಅಲ್ಲಿಗೇ ನಿಂತುಹೋಯಿತು. ಒಬ್ಬಳೇ ಮಗಳು ಬದುಕಿ, ಬೆಳೆದು, ಇನ್ನೊಂದು ದೇಶಕ್ಕೆ ರಾಣಿಯಾದಳು. ಭಾರತದ ವಿಷಯ ಪ್ಲೂಟಾರ್ಕ್ ಅನ್ನುವ ಪ್ರಾಚೀನ ಗ್ರೀಕ್ ಲೇಖಕ ಬರೆದಿಟ್ಟಿದ್ದಾನೆ, ಸುಮ್ನೆ ಹುಟ್ಟಿಕೊಂಡ ಕಥೆಯಲ್ಲ. ಇನ್ನು ವಂಶದ ಪ್ರಶ್ನೆಗೆ ಕೊನೆಯಲ್ಲಿ ಬರುತ್ತೇನೆ.

ಮಕ್ಕಳ ಬಗ್ಗೆ ಕೇಳಿದ್ದು ನನಗೆ ತುಂಬಾ ಸಂತೋಷ ಕೊಟ್ಟಿತು. ಕ್ಲಿಯೋಪಾತ್ರಳ ಕಥೆ ಹೇಳುವವರು ಹಾವಿನ ಹತ್ತಿರ ಬಂದ ಕೂಡಲೇ ಪುಸ್ತಕ ಮುಚ್ಚಿಬಿಡುತ್ತಾರೆ. ಆದರೆ ಆಕೆ ಸತ್ತ ದಿನ ಅರಮನೆಯಲ್ಲಿ ಹತ್ತು ವರ್ಷದ ಅವಳಿ ಮಕ್ಕಳಿದ್ದರು, ಆರು ವರ್ಷದ ಒಬ್ಬ ಹುಡುಗನಿದ್ದ. ಹದಿನೇಳು ವರ್ಷದ ದೊಡ್ಡ ಮಗ ದೂರದ ದಾರಿಯಲ್ಲಿದ್ದ. ಅವರ ಕಥೆ ಅಲ್ಲಿಂದಲೇ ಶುರು.

ಯಾರು ಯಾರು ಅಂತ ಮೊದಲು ನೋಡೋಣ. ನಾವು ಕ್ಲಿಯೋಪಾತ್ರ ಅಂತ ಕರೆಯುವವಳು ಆ ಹೆಸರಿನ ಏಳನೆಯವಳು. ಹುಟ್ಟಿದ್ದು ಕ್ರಿ.ಪೂ. 69ರಲ್ಲಿ. ಆಳಿದ್ದು ಈಜಿಪ್ಟನ್ನಾದರೂ ಮನೆತನ ಗ್ರೀಕರದ್ದು. ಅಲೆಕ್ಸಾಂಡರನ ಸೇನಾಪತಿಗಳಲ್ಲಿ ಒಬ್ಬನಾಗಿದ್ದ ಟಾಲೆಮಿ ಕಟ್ಟಿದ ವಂಶ ಅದು. ಆ ಮನೆಯ ರಾಜರಿಗೆಲ್ಲ ಟಾಲೆಮಿ ಅಂತಲೇ ಹೆಸರು. ಅಣ್ಣ ತಮ್ಮಂದಿರು, ಅಕ್ಕ ತಂಗಿಯರು ಸಿಂಹಾಸನಕ್ಕಾಗಿ ಒಬ್ಬರನ್ನೊಬ್ಬರು ಕೊಲ್ಲುವುದು ಆ ಮನೆಯಲ್ಲಿ ಹೊಸದೇನಲ್ಲ. ಕ್ಲಿಯೋಪಾತ್ರ ಕೂಡ ಅದನ್ನು ನೋಡಿಕೊಂಡೇ ಬೆಳೆದವಳು.

ಕ್ರಿ.ಪೂ. 48ರಲ್ಲಿ ರೋಮಿನ ಸೇನಾಪತಿ ಜೂಲಿಯಸ್ ಸೀಸರ್ ಈಜಿಪ್ಟಿನ ರಾಜಧಾನಿ ಅಲೆಕ್ಸಾಂಡ್ರಿಯಕ್ಕೆ ಬಂದ. ಮರುವರ್ಷ, ಕ್ರಿ.ಪೂ. 47ರಲ್ಲಿ, ಆಕೆಗೆ ಮೊದಲ ಮಗ ಹುಟ್ಟಿದ. ಇಟ್ಟ ಹೆಸರು ಟಾಲೆಮಿ ಸೀಸರ್. ಊರಿನ ಜನ ಕರೆದದ್ದು ಸೀಸರಿಯನ್, ಅಂದರೆ ಚಿಕ್ಕ ಸೀಸರ್. ಇವನು ನಿಜವಾಗಿ ಸೀಸರನ ಮಗನಾ ಅಲ್ವಾ ಅನ್ನುವ ಜಗಳ ಆಗಲೇ ಶುರುವಾಗಿತ್ತು. ನೋಡಲು, ನಡಿಗೆಯಲ್ಲಿ, ಹುಡುಗ ಸೀಸರನ ಹಾಗೇ ಇದ್ದ ಅಂತ ಕೆಲವು ಗ್ರೀಕರು ಬರೆದಿದ್ದರಂತೆ. ಸೀಸರನೇ ಇವನನ್ನು ಮಗ ಅಂತ ಒಪ್ಪಿಕೊಂಡಿದ್ದ ಎಂದು ರೋಮಿನ ಇನ್ನೊಬ್ಬ ಸೇನಾಪತಿ ಮಾರ್ಕ್ ಆಂಟನಿ ಸೆನೆಟ್ (ರೋಮಿನ ಹಿರಿಯರ ಸಭೆ) ಎದುರು ಹೇಳಿದ. ಸೀಸರನ ಗೆಳೆಯ ಓಪಿಯಸ್ ಇದಕ್ಕೆ ಉತ್ತರವಾಗಿ ಒಂದು ಪುಸ್ತಕವನ್ನೇ ಬರೆದು, ಅವನು ಸೀಸರನ ಮಗ ಅಲ್ಲ ಅಂದ. ಇದನ್ನೆಲ್ಲ ಹೇಳುವುದು ಸುಟೋನಿಯಸ್ ಅನ್ನುವ ರೋಮನ್ ಲೇಖಕ. ನನ್ನ ಅಭಿಪ್ರಾಯ ಕೇಳಿದರೆ, ಆ ಪುಸ್ತಕವೇ ದೊಡ್ಡ ಸಾಕ್ಷಿ. ಯಾರೂ ನಂಬದ ಮಾತನ್ನು ಸುಳ್ಳು ಅಂತ ತೋರಿಸಲು ಒಂದು ಇಡೀ ಪುಸ್ತಕ ಬರೆಯುವ ಅಗತ್ಯ ಬೀಳುವುದಿಲ್ಲ ಅಲ್ವಾ?

ಕ್ರಿ.ಪೂ. 44ರ ಮಾರ್ಚ್‌ನಲ್ಲಿ ಸೀಸರನ ಕೊಲೆಯಾಯಿತು. ಕ್ಲಿಯೋಪಾತ್ರ ಆಗ ರೋಮ್‌ನಲ್ಲೇ ಇದ್ದಳು. ಊರಿಗೆ ವಾಪಸ್ ಬಂದ ಸ್ವಲ್ಪ ಕಾಲದಲ್ಲೇ ಆಕೆಯ ಜೊತೆ ಹೆಸರಿಗೆ ರಾಜನಾಗಿದ್ದ ತಮ್ಮ ಸತ್ತ. ಆಕೆಯೇ ವಿಷ ಹಾಕಿಸಿದಳು ಅಂತ ಯಹೂದಿ ಇತಿಹಾಸಕಾರ ಜೋಸಿಫಸ್ ಬರೆದಿದ್ದಾನೆ. ಆ ಜಾಗಕ್ಕೆ ಮೂರು ವರ್ಷದ ಸೀಸರಿಯನ್ ಬಂದ. ಅಂದಿನಿಂದ ಅವನು ಈಜಿಪ್ಟಿನ ಫೇರೋ, ಅಂದರೆ ರಾಜ.

ಮುಂದಿನ ಮೂವರೂ ಮಾರ್ಕ್ ಆಂಟನಿಯ ಮಕ್ಕಳು. ಕ್ರಿ.ಪೂ. 41ರಲ್ಲಿ ಟಾರ್ಸಸ್ ಊರಿನಲ್ಲಿ ಇಬ್ಬರ ಭೇಟಿಯಾಯಿತು. ಆ ಚಳಿಗಾಲವನ್ನು ಆಂಟನಿ ಅಲೆಕ್ಸಾಂಡ್ರಿಯದಲ್ಲಿ ಕಳೆದ. ಮರುವರ್ಷ ಅವಳಿ ಜವಳಿ ಹುಟ್ಟಿದವು, ಒಂದು ಗಂಡು, ಒಂದು ಹೆಣ್ಣು. ಅಷ್ಟರಲ್ಲಿ ಆಂಟನಿ ಹೊರಟುಹೋಗಿದ್ದ. ಅದೇ ವರ್ಷ ರೋಮ್‌ನಲ್ಲಿ ಆಕ್ಟೇವಿಯನ್‌ನ ಅಕ್ಕ ಆಕ್ಟೇವಿಯಾಳನ್ನು ಮದುವೆಯಾದ. ಈ ಆಕ್ಟೇವಿಯನ್ ಸೀಸರನ ದತ್ತುಮಗ. ಅವಳಿ ಮಕ್ಕಳ ಮುಖವನ್ನು ಅಪ್ಪ ಮೊದಲು ನೋಡಿದ್ದು ಕ್ರಿ.ಪೂ. 37ರಲ್ಲಿ, ಆಂಟಿಯೋಕ್ ಊರಿನಲ್ಲಿ. ಆಗ ಅವರಿಬ್ಬರನ್ನೂ ತನ್ನ ಮಕ್ಕಳೆಂದು ಒಪ್ಪಿಕೊಂಡು, ಅಲೆಕ್ಸಾಂಡರ್‌ಗೆ ಹೀಲಿಯೋಸ್ ಅಂತ, ಪುಟ್ಟ ಕ್ಲಿಯೋಪಾತ್ರಳಿಗೆ ಸೆಲೀನಿ ಅಂತ ಸೂರ್ಯ ಚಂದ್ರರ ಹೆಸರು ಸೇರಿಸಿದ. ಕೊನೆಯ ಮಗ ಟಾಲೆಮಿ ಫಿಲಡೆಲ್ಫಸ್. ಹುಟ್ಟಿದ್ದು ಕ್ರಿ.ಪೂ. 36ರಲ್ಲಿ.

ಈಗ ನನ್ನ ಮುಖ್ಯ ಮಾತಿಗೆ ಬರುತ್ತೇನೆ. ಈ ಮಕ್ಕಳ ಹಣೆಬರಹ ತಾಯಿ ಸತ್ತ ಮೇಲೆ ಬರೆದದ್ದು ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ನನ್ನ ಪ್ರಕಾರ ಅದನ್ನು ನಾಲ್ಕು ವರ್ಷ ಮುಂಚೆಯೇ, ಒಂದು ಬೆಳ್ಳಿ ವೇದಿಕೆಯ ಮೇಲೆ, ಅಪ್ಪ ಅಮ್ಮ ಸೇರಿಯೇ ಬರೆದಿಟ್ಟಿದ್ದರು.

ಕ್ರಿ.ಪೂ. 34. ಆಂಟನಿ ಅರ್ಮೇನಿಯ ಗೆದ್ದು ಬಂದಿದ್ದ. ಅಲೆಕ್ಸಾಂಡ್ರಿಯದ ಜಿಮ್ನೇಸಿಯಂನಲ್ಲಿ ಜನ ಕಿಕ್ಕಿರಿದಿದ್ದರು. ಬೆಳ್ಳಿಯ ವೇದಿಕೆ ಹಾಕಿಸಿ, ಅದರ ಮೇಲೆ ಎರಡು ಚಿನ್ನದ ಸಿಂಹಾಸನ ಇಡಿಸಿದ್ದರು. ಒಂದರಲ್ಲಿ ಆಂಟನಿ, ಇನ್ನೊಂದರಲ್ಲಿ ಈಜಿಪ್ಟಿನ ಐಸಿಸ್ ದೇವಿಯ ಉಡುಪಿನಲ್ಲಿ ಕ್ಲಿಯೋಪಾತ್ರ. ಸ್ವಲ್ಪ ಕೆಳಗೆ ಮಕ್ಕಳಿಗೆ ಬೇರೆ ಪೀಠಗಳು. ಆರು ವರ್ಷದ ಅಲೆಕ್ಸಾಂಡರ್ ಹೀಲಿಯೋಸ್‌ಗೆ ಮೀಡಿಯ ದೇಶದ ರಾಜರ ಬಟ್ಟೆ, ತಲೆಗೆ ನೆಟ್ಟಗೆ ನಿಲ್ಲುವ ಎತ್ತರದ ಕಿರೀಟ. ಇನ್ನೂ ಎರಡು ವರ್ಷದ ಟಾಲೆಮಿಗೆ ಮ್ಯಾಸಿಡೋನಿಯದ ಅರಸರಂತೆ ಪುಟ್ಟ ಮೇಲುವಸ್ತ್ರ, ಬೂಟು, ಅಗಲ ಅಂಚಿನ ಟೋಪಿ, ಅದರ ಸುತ್ತ ರಾಜಪಟ್ಟಿ. ಮಕ್ಕಳು ಅಪ್ಪ ಅಮ್ಮನಿಗೆ ನಮಸ್ಕಾರ ಮಾಡಿದ ಮೇಲೆ ಒಬ್ಬನ ಸುತ್ತ ಅರ್ಮೇನಿಯದ ಕಾವಲುಗಾರರು ನಿಂತರು, ಇನ್ನೊಬ್ಬನ ಸುತ್ತ ಮ್ಯಾಸಿಡೋನಿಯದವರು. ಪ್ಲೂಟಾರ್ಕ್ ಇದನ್ನು ಬಟ್ಟೆಬರೆ ಸಮೇತ ವಿವರಿಸಿದ್ದಾನೆ.

ಹಂಚಿಕೆ ಹೀಗಿತ್ತು. ಅಲೆಕ್ಸಾಂಡರ್‌ಗೆ ಅರ್ಮೇನಿಯ, ಮೀಡಿಯ, ಮುಂದೆ ಗೆದ್ದರೆ ಪಾರ್ಥಿಯ (ಈಗಿನ ಇರಾನ್ ಕಡೆಯ ರಾಜ್ಯ). ಡಿಯೋ ಕ್ಯಾಸಿಯಸ್ ಅನ್ನುವ ಇತಿಹಾಸಕಾರ ಇನ್ನೂ ಮುಂದೆ ಹೋಗಿ, ಯೂಫ್ರಟಿಸ್ ನದಿಯಾಚೆ ಭಾರತದವರೆಗಿನ ನೆಲವನ್ನೆಲ್ಲ ಆ ಮಗುವಿಗೆ ಕೊಟ್ಟರು ಅನ್ನುತ್ತಾನೆ. ಟಾಲೆಮಿಗೆ ಸಿರಿಯ, ಫಿನೀಷಿಯ, ಸಿಲಿಸಿಯ. ಸೆಲೀನಿಗೆ ಲಿಬಿಯದ ಸೈರೀನ್ ಸೀಮೆ. ಇದರಲ್ಲಿ ಎಷ್ಟೋ ಜಾಗ ಆಂಟನಿಯ ಕೈಯಲ್ಲೇ ಇರಲಿಲ್ಲ. ಪಾರ್ಥಿಯದ ಮೇಲೆ ಎರಡು ವರ್ಷ ಹಿಂದೆ ದಂಡೆತ್ತಿ ಹೋಗಿ, ಸಾವಿರಾರು ಸೈನಿಕರನ್ನು ಕಳೆದುಕೊಂಡು ಬಂದಿದ್ದ.

ಆದರೆ ನಿಜವಾದ ಕಿಡಿ ಬಿದ್ದದ್ದು ಸೀಸರಿಯನ್ ವಿಷಯದಲ್ಲಿ. ಹದಿಮೂರು ವರ್ಷದ ಆ ಹುಡುಗನನ್ನು ತಾಯಿಯ ಜೊತೆ ಈಜಿಪ್ಟಿನ ಅರಸ ಅಂತಷ್ಟೇ ಹೇಳಿ ಬಿಟ್ಟಿದ್ದರೆ ರೋಮಿಗೆ ಜಾಸ್ತಿ ಚಿಂತೆ ಇರುತ್ತಿರಲಿಲ್ಲ. ಆಂಟನಿ ಅವನನ್ನು ‘ರಾಜಾಧಿರಾಜ’ ಅಂದ. ಸೀಸರನ ನಿಜವಾದ ಮಗ ಇವನೇ ಅಂತಲೂ ಸಾರಿದ.

ಈ ಮಾತು ಯಾರಿಗೆ ತಾಗಬೇಕೋ ಅವನಿಗೇ ತಾಗಿತು. ಆಕ್ಟೇವಿಯನ್ ಸೀಸರನ ಸ್ವಂತ ಮಗ ಅಲ್ಲ. ಸೀಸರನ ಸೋದರಿಯ ಮೊಮ್ಮಗ. ಸೀಸರ್ ಉಯಿಲಿನಲ್ಲಿ ಅವನನ್ನು ದತ್ತು ತೆಗೆದುಕೊಂಡಿದ್ದ. ಹದಿನೆಂಟು ವರ್ಷದ ಆ ಹುಡುಗನ ಹಿಂದೆ ಸೈನ್ಯ ನಿಂತದ್ದು ಸೀಸರ್ ಅನ್ನುವ ಹೆಸರಿನ ಬಲದಿಂದ. ‘ಎಲ್ಲದಕ್ಕೂ ನೀನು ಒಂದು ಹೆಸರಿಗೆ ಋಣಿ’ ಅಂತ ಆಂಟನಿಯೇ ಹಿಂದೊಮ್ಮೆ ಅವನನ್ನು ಹೀಯಾಳಿಸಿದ್ದ. ರೋಮಿನ ಕಾನೂನಿನ ಪ್ರಕಾರ ಸೀಸರಿಯನ್‌ಗೆ ಯಾವ ಹಕ್ಕೂ ಇರಲಿಲ್ಲ. ವಿದೇಶಿ ಹೆಂಗಸಿಗೆ ಮದುವೆಯಾಚೆ ಹುಟ್ಟಿದವನು. ಸೈನಿಕರು ಕಾನೂನು ನೋಡುತ್ತಾರಾ? ಸೀಸರನ ಮುಖವನ್ನೇ ಹೊತ್ತ ಒಬ್ಬ ಯುವಕ ಎದುರು ಬಂದು ನಿಂತರೆ ಏನಾದರೂ ಆಗಬಹುದಿತ್ತು. ಆಕ್ಟೇವಿಯನ್‌ಗೆ ಇದು ಚೆನ್ನಾಗಿ ಗೊತ್ತಿತ್ತು. ತಾನೇ ಆ ದಾರಿಯಲ್ಲಿ ಮೇಲೆ ಬಂದವನಲ್ವಾ.

ಕ್ರಿ.ಪೂ. 31ರ ಸೆಪ್ಟೆಂಬರ್ 2ರಂದು ಆಕ್ಟಿಯಂ ಸಮುದ್ರ ಯುದ್ಧದಲ್ಲಿ ಆಕ್ಟೇವಿಯನ್ ಎದುರು ಆಂಟನಿ, ಕ್ಲಿಯೋಪಾತ್ರ ಸೋತರು. ಅಲೆಕ್ಸಾಂಡ್ರಿಯಕ್ಕೆ ಮರಳಿದ ಮೇಲೆ ಅವರು ಮಾಡಿದ ಒಂದು ಕೆಲಸವನ್ನು ಜಾಸ್ತಿ ಜನ ಗಮನಿಸುವುದಿಲ್ಲ. ಸೀಸರಿಯನ್‌ನನ್ನು ಪ್ರಾಯಕ್ಕೆ ಬಂದ ಯುವಕರ ಪಟ್ಟಿಗೆ ಸೇರಿಸಿದರು. ಆಂಟನಿಯ ಮೊದಲಿನ ಹೆಂಡತಿ ಫುಲ್ವಿಯಾಳ ಮಗ ಆಂಟಿಲಸ್‌ಗೂ ರೋಮಿನ ಪದ್ಧತಿಯಂತೆ ದೊಡ್ಡವರ ಟೋಗಾ (ರೋಮನ್ನರ ಮೇಲುಡುಪು) ಉಡಿಸಿದರು. ಊರಿಗೆಲ್ಲ ಹಬ್ಬ, ಔತಣ. ನಮ್ಮ ಮೇಲೆ ಆಳಲು ಈಗ ಒಬ್ಬ ಗಂಡಸು ಇದ್ದಾನೆ ಅಂತ ಜನಕ್ಕೆ ಧೈರ್ಯ ಬರಲಿ ಅನ್ನುವುದು ಉದ್ದೇಶ. ಡಿಯೋ ಹೇಳುವ ಪ್ರಕಾರ ಹುಡುಗರಿಬ್ಬರಿಗೂ ಇದೇ ಮುಳುವಾಯಿತು. ಅವರಿನ್ನು ಮಕ್ಕಳಲ್ಲ, ಮುಂದಾಳುಗಳು ಅಂತ ನೆಪ ಹೇಳಿ ಆಕ್ಟೇವಿಯನ್ ಇಬ್ಬರನ್ನೂ ಬಿಡಲಿಲ್ಲ. ಓದುವಾಗ ಹೊಟ್ಟೆ ತೊಳಸುತ್ತದೆ. ಮಗನನ್ನು ಉಳಿಸಿಕೊಳ್ಳಬೇಕು ಅಂತ ಮಾಡಿದ ಹಬ್ಬವೇ ಅವನನ್ನು ಬಲಿ ತೆಗೆದುಕೊಂಡಿತು.

ಈಗ ನಿಮ್ಮ ಭಾರತದ ಪ್ರಶ್ನೆ. ಸೋಲು ಖಚಿತ ಅನ್ನಿಸಿದಾಗ ತಾಯಿ ಸೀಸರಿಯನ್‌ಗೆ ಬೇಕಾದಷ್ಟು ಹಣ, ಒಡವೆ ಕೊಟ್ಟು ಇಥಿಯೋಪಿಯದ ಕಡೆಯಿಂದ ಭಾರತಕ್ಕೆ ಕಳಿಸಿದಳು ಅಂತ ಪ್ಲೂಟಾರ್ಕ್ ಸ್ಪಷ್ಟವಾಗಿ ಬರೆದಿದ್ದಾನೆ. ಇದರಲ್ಲಿ ಅತಿಶಯ ಏನೂ ಇಲ್ಲ. ಆಗಿನ ದಾರಿ ನೋಡಿ. ಅಲೆಕ್ಸಾಂಡ್ರಿಯದಿಂದ ದೋಣಿಯಲ್ಲಿ ನೈಲ್ ನದಿಯ ಮೇಲ್ಭಾಗಕ್ಕೆ, ಕಾಪ್ಟಸ್ ಊರಿಗೆ. ಅಲ್ಲಿಂದ ಒಂಟೆಗಳ ಮೇಲೆ ಮರುಭೂಮಿ ದಾಟಿ ಕೆಂಪು ಸಮುದ್ರದ ಬೆರೆನಿಕೆ ಬಂದರಿಗೆ. ಈ ಮರುಭೂಮಿಯ ಹಾದಿಗೆ ಹನ್ನೆರಡು ದಿನ ಬೇಕು ಅಂತ ರೋಮನ್ ಲೇಖಕ ಪ್ಲಿನಿ ಲೆಕ್ಕ ಕೊಟ್ಟಿದ್ದಾನೆ. ಭಾರತಕ್ಕೆ ಹೊರಡುವ ಹಡಗುಗಳು ಜುಲೈ ಹೊತ್ತಿಗೆ ಬಂದರು ಬಿಟ್ಟು, ನಮ್ಮ ಮುಂಗಾರು ಗಾಳಿಯ ಬೆನ್ನು ಹಿಡಿದು ಪಶ್ಚಿಮ ಕರಾವಳಿಗೆ ಬರುತ್ತಿದ್ದವು. ಅಲೆಕ್ಸಾಂಡ್ರಿಯ ಬಿದ್ದದ್ದು ಕ್ರಿ.ಪೂ. 30ರ ಆಗಸ್ಟ್ 1ಕ್ಕೆ. ಅಂದರೆ ಕಾಲವೂ ಸರಿಯಾಗಿ ಹೊಂದುತ್ತದೆ. ಅದೇ ಬೆರೆನಿಕೆಯಲ್ಲಿ, ಸ್ವಲ್ಪ ನಂತರದ ರೋಮನ್ ಕಾಲಕ್ಕೆ ಸೇರಿದ ಏಳು ಕಿಲೋಗೂ ಹೆಚ್ಚು ಕರಿಮೆಣಸು ಒಂದು ಭಾರತೀಯ ಮಣ್ಣಿನ ಜಾಡಿಯಲ್ಲಿ ಅಗೆತದ ವೇಳೆ ಸಿಕ್ಕಿದೆ. ಮಲಬಾರಿನ ಮೆಣಸು ಅದು. (ಗ್ರೀಕ್ ಪ್ರಹಸನವೊಂದರಲ್ಲಿ ಕನ್ನಡದ ಮಾತುಗಳಿವೆ ಅಂತ ನಮ್ಮಲ್ಲಿ ಆಗಾಗ ಚರ್ಚೆ ಆಗುತ್ತದಲ್ಲ, ಅದರ ಹಸ್ತಪ್ರತಿ ಈಜಿಪ್ಟಿನಲ್ಲೇ ಸಿಕ್ಕಿದ್ದು. ಆದರೆ ಅದು ಕ್ರಿ.ಶ. 2ನೇ ಶತಮಾನದ್ದು. ಆ ಮಾತುಗಳು ಕನ್ನಡವೇ ಹೌದಾ ಅನ್ನುವುದರಲ್ಲೂ ಒಮ್ಮತ ಇಲ್ಲ. ಹಾಗಾಗಿ ಈ ಕಥೆಗೆ ಅದನ್ನು ಗಂಟು ಹಾಕಬೇಡಿ.)

ಇಡೀ ಪರಿವಾರವೇ ಕೆಂಪು ಸಮುದ್ರದ ದಾರಿ ಹಿಡಿಯುವ ಯೋಚನೆಯೂ ಇತ್ತು. ಕ್ಲಿಯೋಪಾತ್ರ ಕೆಲವು ಹಡಗುಗಳನ್ನು ನೆಲದ ಮೇಲೆ ಎಳೆಸಿ ಕೆಂಪು ಸಮುದ್ರಕ್ಕೆ ಸಾಗಿಸಿದ್ದಳು. ಪೆಟ್ರಾದ ಅರಬರು ಅವಕ್ಕೆ ಬೆಂಕಿ ಇಟ್ಟರು. ಹಾಗಾಗಿ ಉಳಿದದ್ದು ದೊಡ್ಡ ಮಗನಿಗೆ ಮಾತ್ರ ಒಂದು ದಾರಿ.

ಸೀಸರಿಯನ್ ಹಡಗು ಹತ್ತಲೇ ಇಲ್ಲ. ಪ್ಲೂಟಾರ್ಕ್ ಪ್ರಕಾರ ರೋಡನ್ ಅನ್ನುವ ಅವನ ಮೇಷ್ಟ್ರೇ ಅವನ ಮನಸ್ಸು ತಿರುಗಿಸಿದ. ಆಕ್ಟೇವಿಯನ್ ನಿನ್ನನ್ನು ಕರೆಯುತ್ತಿದ್ದಾನೆ, ರಾಜ್ಯ ನಿನಗೇ ಕೊಡುತ್ತಾನೆ, ವಾಪಸ್ ನಡಿ ಅಂದ. ಹುಡುಗ ನಂಬಿದ. ಅವನನ್ನು ಏನು ಮಾಡುವುದು ಅಂತ ಆಕ್ಟೇವಿಯನ್ ಯೋಚಿಸುತ್ತಿದ್ದಾಗ, ಅರಿಯಸ್ ಅನ್ನುವ ತತ್ವಜ್ಞಾನಿ ‘ಸೀಸರ್‌ಗಳು ಬಹಳ ಇದ್ದರೆ ಒಳ್ಳೆಯದಲ್ಲ’ ಅಂದನಂತೆ. ಹೋಮರನ ಇಲಿಯಡ್‌ನಲ್ಲಿ ‘ಒಡೆಯರು ಬಹಳ ಇದ್ದರೆ ಒಳ್ಳೆಯದಲ್ಲ’ ಅನ್ನುವ ಸಾಲಿದೆ. ಅದನ್ನೇ ಒಂದು ಪದ ಬದಲಿಸಿ ಹೇಳಿದ. ಈ ಅರಿಯಸ್ ಅಲೆಕ್ಸಾಂಡ್ರಿಯದವನೇ. ಊರು ಗೆದ್ದು ಒಳಗೆ ಬರುವಾಗ ಆಕ್ಟೇವಿಯನ್ ಇವನ ಕೈ ಹಿಡಿದುಕೊಂಡು ಮಾತಾಡುತ್ತಾ ಬಂದ. ಇವನ ಮೇಲಿನ ಗೌರವಕ್ಕೂ ಸೇರಿಸಿ ಊರನ್ನು ಉಳಿಸಿದ್ದೇನೆ ಅಂತ ಜನರೆದುರು ಹೇಳಿದ. ಊರನ್ನು ಉಳಿಸಿದ ಅದೇ ಸ್ನೇಹ ಊರಿನ ಹುಡುಗ ರಾಜನನ್ನು ಉಳಿಸಲಿಲ್ಲ. ತಾಯಿ ಸತ್ತ ಮೇಲೆ ಸೀಸರಿಯನ್‌ನನ್ನು ಕೊಂದರು. ಡಿಯೋ ಸ್ವಲ್ಪ ಬೇರೆ ಹೇಳುತ್ತಾನೆ. ಇಥಿಯೋಪಿಯದ ದಾರಿಯಲ್ಲೇ ಅಟ್ಟಿಸಿಕೊಂಡು ಹೋಗಿ ಹಿಡಿದು ಕೊಂದರು ಅನ್ನುತ್ತಾನೆ. ಹೇಗಾದರೂ ಹದಿನೇಳನೇ ವಯಸ್ಸಿಗೆ ಅವನ ಕಥೆ ಮುಗಿಯಿತು.

ಆಂಟಿಲಸ್‌ದೂ ಹೀಗೇ. ಅವನನ್ನೂ ಹಿಡಿದುಕೊಟ್ಟವನು ಅವನ ಮೇಷ್ಟ್ರು. ಥಿಯೋಡೋರಸ್ ಅಂತ ಹೆಸರು. ಸತ್ತ ಮೇಲೆ ದೇವರೆಂದು ಪೂಜೆಗೊಳ್ಳುತ್ತಿದ್ದ ಸೀಸರನ ಪ್ರತಿಮೆಯ ಕಾಲು ಹಿಡಿದರೂ ಬಿಡದೆ ಎಳೆದು ತಂದು ತಲೆ ಕಡಿದರು. ಹುಡುಗನ ಕತ್ತಿನಲ್ಲಿದ್ದ ಬೆಲೆಬಾಳುವ ಹರಳನ್ನು ಮೇಷ್ಟ್ರು ಕದ್ದು ನಡುಪಟ್ಟಿಯಲ್ಲಿ ಹೊಲಿದುಕೊಂಡಿದ್ದ. ಸಿಕ್ಕಿಬಿದ್ದು ಶಿಲುಬೆಗೆ ಏರಿದ.

ಸೀಸರಿಯನ್‌ನನ್ನು ಇವತ್ತೂ ನೋಡಬೇಕು ಅನ್ನಿಸಿದರೆ ಈಜಿಪ್ಟಿನ ಡೆಂಡೆರಾಕ್ಕೆ ಹೋಗಬೇಕು. ಅಲ್ಲಿ ಹಾಥೋರ್ ದೇವಿಯ ಗುಡಿಯ ಹಿಂದಿನ ಗೋಡೆಯ ಮೇಲೆ, ಹೊರಗಡೆ, ತಾಯಿ ಮಗ ದೇವರುಗಳಿಗೆ ಕಾಣಿಕೆ ಕೊಡುತ್ತಾ ನಿಂತಿರುವ ದೊಡ್ಡ ಕೆತ್ತನೆ ಇದೆ. ಮುಂದೆ ಮಗ, ಹಿಂದೆ ತಾಯಿ. ಮಗನನ್ನು ಪೂರ್ತಿ ಬೆಳೆದ ಫೇರೋ ಹಾಗೆ ಕಡೆದಿದ್ದಾರೆ. ಅವನು ಹುಟ್ಟಿದ ಸಂಭ್ರಮಕ್ಕೆ ಅರ್ಮಂತ್ ಊರಿನಲ್ಲಿ ಇನ್ನೊಂದು ಗುಡಿ ಕಟ್ಟಿಸಿದ್ದಳು. 19ನೇ ಶತಮಾನದಲ್ಲಿ ಅದನ್ನು ಕೆಡವಿ ಆ ಕಲ್ಲನ್ನು ಸಕ್ಕರೆ ಕಾರ್ಖಾನೆಗೆ ಬಳಸಿದರು. ಅದಕ್ಕೆ ಮುಂಚೆ ಬಂದಿದ್ದ ಯುರೋಪಿನ ಛಾಯಾಗ್ರಾಹಕರು ತೆಗೆದ ಫೋಟೋಗಳಲ್ಲಿ ಆ ಗುಡಿಯನ್ನು ನೋಡಬಹುದು. ಎರಡು ಸಾವಿರ ವರ್ಷ ನಿಂತಿದ್ದನ್ನು ಹೀಗೆ ಕಳೆದುಕೊಂಡದ್ದು ನನಗೆ ಇವತ್ತಿಗೂ ಸಂಕಟ.

ಇನ್ನು ಚಿಕ್ಕವರು. ಕ್ಲಿಯೋಪಾತ್ರ ಸತ್ತದ್ದಕ್ಕೂ ರೋಮಿನ ಆಳ್ವಿಕೆ ಲೆಕ್ಕಕ್ಕೆ ಬಂದದ್ದಕ್ಕೂ ನಡುವೆ ಸ್ವಲ್ಪ ದಿನ ಖಾಲಿ ಇತ್ತು. ಆಕೆಯ ಮಕ್ಕಳು ಹದಿನೆಂಟು ದಿನ ಆಳಿದರು ಅಂತ ಅಲೆಕ್ಸಾಂಡ್ರಿಯದ ಕ್ಲೆಮೆಂಟ್ ಅನ್ನುವ ಕ್ರೈಸ್ತ ಲೇಖಕ ಬರೆದಿಟ್ಟಿದ್ದಾನೆ. ಅದು ಕಾಗದದ ಮೇಲಿನ ಆಳ್ವಿಕೆ. ಮಕ್ಕಳು ಆಗಲೇ ಕಾವಲಿನಲ್ಲಿದ್ದರು.

ಮರುವರ್ಷ, ಕ್ರಿ.ಪೂ. 29ರ ಆಗಸ್ಟ್‌ನಲ್ಲಿ, ರೋಮ್‌ನಲ್ಲಿ ಮೂರು ದಿನದ ವಿಜಯೋತ್ಸವ. ಮೂರನೇ ದಿನ ಈಜಿಪ್ಟ್ ಗೆದ್ದದ್ದಕ್ಕೆ. ಬದುಕಿದ್ದ ಕ್ಲಿಯೋಪಾತ್ರಳನ್ನು ಮೆರವಣಿಗೆಯಲ್ಲಿ ನಡೆಸುವ ಆಸೆ ಕೈಗೂಡಿರಲಿಲ್ಲ. ಹಾಗಾಗಿ ಮಂಚದ ಮೇಲೆ ಮಲಗಿದ ಆಕೆಯ ಪ್ರತಿಮೆಯನ್ನು ಹೊತ್ತರು. ಪ್ರತಿಮೆಗೆ ಹಾವು ಸುತ್ತಿಕೊಂಡಿತ್ತು ಅಂತ ಪ್ಲೂಟಾರ್ಕ್ ಹೇಳುತ್ತಾನೆ. ಅದರ ಜೊತೆಗೆ ಅಲೆಕ್ಸಾಂಡರ್, ಸೆಲೀನಿ ಇಬ್ಬರನ್ನೂ ಸೆರೆಯಾಳುಗಳ ಸಾಲಿನಲ್ಲಿ ಮೆರೆಸಿದರು. ಹತ್ತು ಹನ್ನೊಂದು ವರ್ಷದ ಮಕ್ಕಳು ತಾಯಿಯ ಸಾವಿನ ಬೊಂಬೆಯ ಜೊತೆ, ಬೀದಿ ತುಂಬ ಜನ ನೋಡುತ್ತಿರುವಾಗ. ಕಿರಿಯ ಟಾಲೆಮಿಯ ಹೆಸರು ಈ ಮೆರವಣಿಗೆಯ ವರದಿಯಲ್ಲಿ ಬರುವುದಿಲ್ಲ.

ಆಮೇಲೆ ಮಕ್ಕಳು ಸೇರಿದ್ದು ಆಕ್ಟೇವಿಯಾಳ ಮನೆಗೆ. ಅಂದರೆ ಅವರ ಅಪ್ಪ ಬಿಟ್ಟು ಬಂದಿದ್ದ ಹೆಂಡತಿಯ ಮನೆಗೆ. ಈ ಹೆಂಗಸಿನ ಬಗ್ಗೆ ನನಗೆ ತುಂಬಾ ಗೌರವ. ಗಂಡ ಮಾಡಿದ ಅವಮಾನ ಊರಿಗೆಲ್ಲ ಗೊತ್ತಿತ್ತು. ಆದರೂ ಅವನ ಮಕ್ಕಳನ್ನೆಲ್ಲ ಒಂದೇ ಸೂರಿನಡಿ ಸಾಕಿದಳು. ತನಗೆ ಹುಟ್ಟಿದ ಇಬ್ಬರು ಆಂಟೋನಿಯಾರು, ಫುಲ್ವಿಯಾಳ ಇನ್ನೊಬ್ಬ ಮಗ ಯೂಲಸ್, ಈಗ ಸವತಿಯ ಮಕ್ಕಳು.

ಅಲೆಕ್ಸಾಂಡರ್ ಹೀಲಿಯೋಸ್‌ಗೆ ಮೀಡಿಯದ ರಾಜಕುಮಾರಿ ಇಯೋಟಪಾ ಜೊತೆ ನಿಶ್ಚಿತಾರ್ಥ ಆಗಿತ್ತು. ಅವಳೂ ಮಗುವೇ. ಆಕ್ಟೇವಿಯನ್ ಅವಳನ್ನು ಅವಳ ಅಪ್ಪನಿಗೆ ವಾಪಸ್ ಕಳಿಸಿದ. ಅಲೆಕ್ಸಾಂಡರ್, ಟಾಲೆಮಿ ಇಬ್ಬರ ಬಗ್ಗೆ ಕೊನೆಯ ಸುದ್ದಿ ಡಿಯೋನ ಒಂದು ಸಾಲು. ಸೆಲೀನಿಯನ್ನು ಜೂಬಾ ಅನ್ನುವ ಆಫ್ರಿಕದ ರಾಜನಿಗೆ ಮದುವೆ ಮಾಡಿಕೊಟ್ಟಾಗ, ದಂಪತಿಗಳ ಮೇಲಿನ ಪ್ರೀತಿಗೆ ಹುಡುಗರಿಬ್ಬರ ಜೀವ ಉಳಿಸಿದ ಅಂತ. ಅಲ್ಲಿಂದ ಮುಂದೆ ಅವರ ಮದುವೆ, ಅಧಿಕಾರ, ಸಾವು ಯಾವುದಕ್ಕೂ ದಾಖಲೆ ಇಲ್ಲ. ಕೊಲ್ಲಿಸಿದ ಅನ್ನುವವರಿದ್ದಾರೆ. ಕಾಯಿಲೆ ಅನ್ನುವವರಿದ್ದಾರೆ. ಅಕ್ಕನ ಜೊತೆ ಆಫ್ರಿಕಕ್ಕೆ ಹೋದರು ಅನ್ನುವವರೂ ಇದ್ದಾರೆ. ಎಲ್ಲವೂ ಊಹೆ. ನಾನು ಕೊಲೆಯ ಕಡೆಗೆ ವಾಲುವುದಿಲ್ಲ. ಸೀಸರಿಯನ್, ಆಂಟಿಲಸ್ ಇಬ್ಬರನ್ನು ಕೊಂದದ್ದನ್ನು ಅದೇ ಇತಿಹಾಸಕಾರರು ಮುಚ್ಚಿಡದೆ ಬರೆದಿದ್ದಾರೆ. ಈ ಇಬ್ಬರನ್ನೂ ಕೊಂದಿದ್ದರೆ ಯಾರಾದರೊಬ್ಬರು ಬರೆಯುತ್ತಿದ್ದರು.

ಈಗ ಸೆಲೀನಿ. ಇವಳ ಬಗ್ಗೆ ಹೇಳಲು ನನಗೆ ಜಾಗವೇ ಸಾಲದು.

ಇವಳನ್ನು ಕೊಟ್ಟದ್ದು ಎರಡನೇ ಜೂಬಾಗೆ. ಅವನ ಅಪ್ಪ ಮೊದಲನೇ ಜೂಬಾ ಉತ್ತರ ಆಫ್ರಿಕದ ನುಮಿಡಿಯದ ರಾಜ. ಜೂಲಿಯಸ್ ಸೀಸರನ ಎದುರು ಸೋತು ಕ್ರಿ.ಪೂ. 46ರಲ್ಲಿ ಸತ್ತ. ಅದೇ ವರ್ಷ ಸೀಸರನ ವಿಜಯೋತ್ಸವದಲ್ಲಿ ಪುಟ್ಟ ಮಗುವಾಗಿದ್ದ ಜೂಬಾನನ್ನೂ ರೋಮಿನ ಬೀದಿಯಲ್ಲಿ ಮೆರೆಸಿದ್ದರು. ಅಂದರೆ ಗಂಡ ಹೆಂಡತಿ ಇಬ್ಬರೂ ಒಂದೊಂದು ಮೆರವಣಿಗೆಯಲ್ಲಿ ಸೆರೆಯಾಳಾಗಿ ಬಂದವರು. ಇಬ್ಬರೂ ಗೆದ್ದವರ ಮನೆಯಲ್ಲಿ ಬೆಳೆದವರು. ಒಬ್ಬರಿಗೊಬ್ಬರು ಏನು ಹೇಳಿಕೊಂಡರೋ, ಬಾಯಿ ಬಿಟ್ಟು ಹೇಳದೆಯೂ ಅರ್ಥ ಆಗುವ ಮಾತು ಬಹಳ ಇದ್ದಿರಬೇಕು. ಜೂಬಾ ದೊಡ್ಡ ವಿದ್ವಾಂಸನಾದ. ಅರೇಬಿಯ, ಲಿಬಿಯ, ಚಿತ್ರಕಲೆ ಅಂತ ಗ್ರೀಕ್ ಭಾಷೆಯಲ್ಲಿ ಹಲವು ಪುಸ್ತಕ ಬರೆದ. ಪ್ಲಿನಿ ಅವನ ಮಾತನ್ನು ಮತ್ತೆ ಮತ್ತೆ ಎತ್ತಿ ಹೇಳುತ್ತಾನೆ. ನಮ್ಮ ಕಳ್ಳಿಯ ಜಾತಿಗೆ ಸಸ್ಯಶಾಸ್ತ್ರದಲ್ಲಿ ಯೂಫೋರ್ಬಿಯ ಅನ್ನುತ್ತಾರಲ್ಲ, ಆ ಹೆಸರು ಜೂಬಾನ ವೈದ್ಯ ಯೂಫೋರ್ಬಸ್‌ನಿಂದ ಬಂದದ್ದು.

ಕ್ರಿ.ಪೂ. 25ರಲ್ಲಿ ಆಗಸ್ಟಸ್ (ಆಕ್ಟೇವಿಯನ್‌ಗೆ ಆಗಲೇ ಈ ಬಿರುದು ಬಂದಿತ್ತು) ಜೂಬಾನನ್ನು ಮಾರಿಟೇನಿಯಕ್ಕೆ ರಾಜನನ್ನಾಗಿ ಮಾಡಿದ. ಇವತ್ತಿನ ಮಾರಿಟೇನಿಯ ದೇಶ ಅಂದುಕೊಳ್ಳಬೇಡಿ. ಇದು ಈಗಿನ ಅಲ್ಜೀರಿಯದ ಉತ್ತರ ಭಾಗ ಮತ್ತು ಮೊರಾಕೊ. ಮದುವೆ ಅದೇ ಸುಮಾರಿಗೆ, ಕ್ರಿ.ಪೂ. 25ರಿಂದ 20ರ ಒಳಗೆ ಆಯಿತು. ರಾಜಧಾನಿಗೆ ಆಗಸ್ಟಸ್ ಗೌರವಾರ್ಥ ಸಿಸೇರಿಯ ಅಂತ ಹೆಸರಿಟ್ಟರು. ಅಲ್ಜಿಯರ್ಸ್‌ನಿಂದ ಪಶ್ಚಿಮಕ್ಕೆ ಸುಮಾರು 100 ಕಿಲೋಮೀಟರ್ ದೂರದ ಶೆರ್ಶೆಲ್ ಅನ್ನುವ ಸಮುದ್ರ ತೀರದ ಊರು ಅದು.

ಅಲ್ಲಿ ಅಚ್ಚಾದ ಬೆಳ್ಳಿ ನಾಣ್ಯ ಒಂದನ್ನು ಗಮನವಿಟ್ಟು ನೋಡಿ. ಒಂದು ಮುಖದಲ್ಲಿ ‘ರೆಕ್ಸ್ ಜೂಬಾ’ ಅಂತ ಲ್ಯಾಟಿನ್ ಅಕ್ಷರ. ತಿರುಗಿಸಿದರೆ ‘ಬಸಿಲಿಸ್ಸ ಕ್ಲಿಯೋಪಾತ್ರ’, ಅಂದರೆ ರಾಣಿ ಕ್ಲಿಯೋಪಾತ್ರ ಅಂತ ಗ್ರೀಕ್ ಅಕ್ಷರ. ಗಂಡನ ಭಾಷೆ ರೋಮಿನದ್ದು, ಹೆಂಡತಿಯದ್ದು ತಾಯಿಮನೆಯದ್ದು. ಕೆಲವು ನಾಣ್ಯಗಳ ಮೇಲೆ ಐಸಿಸ್ ದೇವಿಯ ಕಿರೀಟ, ಆಕೆಯ ಪೂಜೆಯಲ್ಲಿ ಆಡಿಸುವ ಗಿಲಕಿ. ಇನ್ನು ಕೆಲವದರ ಮೇಲೆ ಮೊಸಳೆ. ಈ ಮೊಸಳೆಯ ಹಿಂದೆ ಒಂದು ಕಥೆ ಇದೆ. ಈಜಿಪ್ಟ್ ಗೆದ್ದ ಮೇಲೆ ಆಕ್ಟೇವಿಯನ್ ಹೊರಡಿಸಿದ ನಾಣ್ಯದಲ್ಲೂ ಮೊಸಳೆ ಇತ್ತು, ಜೊತೆಗೆ ‘ಈಜಿಪ್ಟ್ ಸೆರೆಯಾಯಿತು’ ಅನ್ನುವ ಬರಹ. ಗಾಲ್ ದೇಶದ ನಿಮ್ ಊರಿನ ನಾಣ್ಯದಲ್ಲಿ ಮೊಸಳೆಯನ್ನು ತಾಳೆ ಮರಕ್ಕೆ ಸರಪಳಿಯಿಂದ ಬಿಗಿದಿದ್ದರು. ಸೆಲೀನಿಯ ಮೊಸಳೆಗೆ ಸರಪಳಿ ಇಲ್ಲ. ಬರಹ ಆಕೆಯ ತಾಯಿಯ ಹೆಸರು, ಆಕೆಯ ಸ್ವಂತ ಹೆಸರೂ ಹೌದು. ಹತ್ತನೇ ವಯಸ್ಸಿನಲ್ಲಿ ಆ ಮೆರವಣಿಗೆ ನೋಡಿದವಳು ತಾಯಿಯ ಹೆಸರನ್ನು ಹೀಗೆ ಬಹಿರಂಗವಾಗಿ ಚಲಾವಣೆಗೆ ತಂದಳು ಅನ್ನುವುದು ಸಣ್ಣ ಮಾತಲ್ಲ. ಅದೂ ಆಗಸ್ಟಸ್ ಬದುಕಿರುವಾಗಲೇ.

ಇಷ್ಟೇ ಅಲ್ಲ. ಸಿಸೇರಿಯದಲ್ಲಿ ಐಸಿಸ್ ಗುಡಿ ಇತ್ತು. ಆ ಗುಡಿಗೆ ಜೂಬಾ ನಿಜವಾದ ಮೊಸಳೆಯೊಂದನ್ನು ಅರ್ಪಿಸಿದ್ದ. ನೈಲ್ ನದಿ ಹುಟ್ಟುವುದು ಮಾರಿಟೇನಿಯದ ಬೆಟ್ಟಗಳಲ್ಲಿ ಅನ್ನುವುದು ಅವನ ವಾದ, ಅದಕ್ಕೆ ಪುರಾವೆ ಆ ಮೊಸಳೆ. ವಾದ ತಪ್ಪು, ಆದರೆ ಹೆಂಡತಿಯ ನದಿ ತನ್ನ ನಾಡಿನಲ್ಲೇ ಹುಟ್ಟುತ್ತದೆ ಅಂತ ತೋರಿಸಲು ಹೊರಟ ಗಂಡನನ್ನು ನೋಡಿದರೆ ನನಗೆ ಇಷ್ಟವಾಗುತ್ತದೆ. ಶೆರ್ಶೆಲ್‌ನಲ್ಲಿ ಪ್ರಾಚೀನ ಫೇರೋ ಒಂದನೇ ಥುಟ್‌ಮೋಸ್‌ನ ಪ್ರತಿಮೆಯ ತುಂಡು ಸಿಕ್ಕಿದೆ. ಮೆಂಫಿಸ್‌ನ ಪೂಜಾರಿ ಪೆಟುಬಾಸ್ಟಿಸ್‌ನ ಪ್ರತಿಮೆಯೂ ಸಿಕ್ಕಿದೆ. ಈ ಪೂಜಾರಿ ಸತ್ತದ್ದು ಕ್ರಿ.ಪೂ. 30ರಲ್ಲೇ, ಅಲೆಕ್ಸಾಂಡ್ರಿಯ ಬೀಳುವ ಹೊತ್ತಿನಲ್ಲಿ. ಇವು ಈಜಿಪ್ಟಿನಿಂದ ಅಷ್ಟು ದೂರ ತಾನಾಗಿ ಬರಲಿಲ್ಲ. ತರಿಸಿಕೊಂಡವಳು ಸೆಲೀನಿ ಅಂತ ಅನೇಕ ವಿದ್ವಾಂಸರು ನಂಬುತ್ತಾರೆ, ನಾನೂ.

ಅವಳ ಸಾವಿಗೆ ಕ್ರಿನಾಗೊರಸ್ ಅನ್ನುವ ಗ್ರೀಕ್ ಕವಿ ಒಂದು ಪದ್ಯ ಬರೆದಿದ್ದಾನೆ. ತನ್ನದೇ ಹೆಸರಿನ ಸೆಲೀನಿ ಉಸಿರು ನಿಲ್ಲಿಸಿ ಪಾತಾಳಕ್ಕೆ ಇಳಿದದ್ದನ್ನು ನೋಡಿ, ಆಗಷ್ಟೇ ಮೂಡಿದ್ದ ಚಂದ್ರ ಕತ್ತಲಾದ ಅನ್ನುವುದು ಅದರ ಸಾರ. ಇದು ಚಂದ್ರಗ್ರಹಣದ ಮಾತು ಅಂತ ಹಿಡಿದು, ಕ್ರಿ.ಪೂ. 5ರ ಗ್ರಹಣಕ್ಕೆ ಹಲವರು ಈ ಸಾವನ್ನು ಹೊಂದಿಸುತ್ತಾರೆ. ಆಗ ಆಕೆಗೆ ಸುಮಾರು ಮೂವತ್ತೈದು. ಎಲ್ಲರೂ ಇದನ್ನು ಒಪ್ಪುವುದಿಲ್ಲ, ಇನ್ನೂ ಕೆಲವು ವರ್ಷ ಬದುಕಿದ್ದಳು ಅನ್ನುವವರಿದ್ದಾರೆ. ಅಲ್ಜೀರಿಯದ ಟಿಪಾಸಾ ಹತ್ತಿರ ಗುಡ್ಡದ ಮೇಲೆ ದುಂಡನೆಯ ದೊಡ್ಡ ಕಲ್ಲಿನ ಸಮಾಧಿ ಇದೆ. ಮಾರಿಟೇನಿಯದ ರಾಜಮನೆತನದ್ದು. ಜೂಬಾ, ಸೆಲೀನಿ ಇಬ್ಬರನ್ನೂ ಇಲ್ಲೇ ಇಟ್ಟರು ಅನ್ನುತ್ತಾರೆ. ಒಳಗೆ ದೇಹಗಳು ಸಿಕ್ಕಿಲ್ಲ. ಟಿಪಾಸಾ ಜೊತೆಗೆ ಈ ಸಮಾಧಿಯೂ 1982ರಿಂದ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ.

ಕೊನೆಗೆ ವಂಶದ ಪ್ರಶ್ನೆ. ಸೆಲೀನಿ ಮಗನಿಗೆ ಇಟ್ಟ ಹೆಸರು ಟಾಲೆಮಿ. ಗಂಡನ ಕಡೆಯ ಹೆಸರಲ್ಲ, ತನ್ನ ತವರಿನದ್ದು. ಜೂಬಾ ಸತ್ತ ಮೇಲೆ ಕ್ರಿ.ಶ. 23ರಲ್ಲಿ ಅವನು ರಾಜನಾದ. ಟಕ್ಫರಿನಾಸ್ ಎಂಬ ಬಂಡಾಯಗಾರನ ವಿರುದ್ಧ ರೋಮಿಗೆ ಸಹಾಯ ಮಾಡಿದ್ದಕ್ಕೆ ಸೆನೆಟ್ ಅವನಿಗೆ ದಂತದ ದಂಡ, ಕಸೂತಿ ಟೋಗಾ ಕೊಟ್ಟು ಗೌರವಿಸಿತು. ಕ್ರಿ.ಶ. 40ರಲ್ಲಿ ಚಕ್ರವರ್ತಿ ಕ್ಯಾಲಿಗುಲ ಅವನನ್ನು ಕರೆಸಿಕೊಂಡು ಕೊಲ್ಲಿಸಿದ. ಕಾಳಗದ ಪ್ರದರ್ಶನಕ್ಕೆ ಬಂದಾಗ ಅವನ ನೇರಳೆ ಮೇಲಂಗಿಯ ಕಡೆ ಜನರೆಲ್ಲ ತಿರುಗಿ ನೋಡಿದರು, ಅದಕ್ಕೆ ಹೊಟ್ಟೆಕಿಚ್ಚು ಅಂತ ಸುಟೋನಿಯಸ್ ಬರೆದಿದ್ದಾನೆ. ಅವನ ಸಂಪತ್ತಿನ ಮೇಲೆ ಕಣ್ಣು ಅಂತ ಡಿಯೋ. ಮಾರಿಟೇನಿಯದಲ್ಲಿ ಈಡೆಮನ್ ಅನ್ನುವವನ ಮುಂದಾಳತ್ವದಲ್ಲಿ ಜನ ದಂಗೆ ಎದ್ದರು. ಅದನ್ನು ಅಡಗಿಸಿ ಮುಂದಿನ ಚಕ್ರವರ್ತಿ ಕ್ಲಾಡಿಯಸ್ ರಾಜ್ಯವನ್ನು ಎರಡು ಪ್ರಾಂತ್ಯ ಮಾಡಿದ. ಮುನ್ನೂರು ವರ್ಷಕ್ಕೂ ಹಿಂದೆ ಶುರುವಾದ ಟಾಲೆಮಿಗಳ ಅರಸೊತ್ತಿಗೆ ಅಲ್ಲಿಗೆ ಪೂರ್ತಿ ಮುಗಿಯಿತು.

ಇಲ್ಲಿ ಒಂದು ಗೊಂದಲ ಬಿಡಿಸಬೇಕು. ಕ್ಯಾಲಿಗುಲ, ಕ್ಲಾಡಿಯಸ್, ನೀರೋ ಮೂವರೂ ಕ್ಲಿಯೋಪಾತ್ರಳ ವಂಶ ಅಂತ ಕೆಲವು ಕಡೆ ಹಾಕಿರುತ್ತಾರೆ. ತಪ್ಪು. ಅವರು ಆಂಟನಿಯ ವಂಶ, ಆದರೆ ಆಕ್ಟೇವಿಯಾಳ ಹೆಣ್ಣುಮಕ್ಕಳ ಕಡೆಯಿಂದ. ಕ್ಯಾಲಿಗುಲ ಆಂಟನಿಯ ಮರಿಮಗ, ಟಾಲೆಮಿ ಆಂಟನಿಯ ಮೊಮ್ಮಗ. ಅಂದರೆ ಕೊಲ್ಲಿಸಿದವನೂ ಸತ್ತವನೂ ಒಂದೇ ರಕ್ತದವರು. ಆಂಟನಿಯ ಸಂತತಿ ರೋಮಿನ ಸಿಂಹಾಸನ ಏರಿತು, ಕ್ಲಿಯೋಪಾತ್ರಳದ್ದು ಏರಲಿಲ್ಲ.

ಟಾಲೆಮಿಯ ನಂತರ ಖಚಿತವಾಗಿ ಆಕೆಯ ವಂಶಸ್ಥರು ಅಂತ ಬೆರಳು ತೋರಿಸಬಹುದಾದವರು ಯಾರೂ ಇಲ್ಲ. ಜುಡಿಯಾದ ರೋಮನ್ ಅಧಿಕಾರಿ ಫೆಲಿಕ್ಸ್ ಮದುವೆಯಾದ ಡ್ರುಸಿಲ್ಲ ಎಂಬವಳು ಆಂಟನಿ ಕ್ಲಿಯೋಪಾತ್ರರ ಮೊಮ್ಮಗಳು ಅಂತ ರೋಮನ್ ಇತಿಹಾಸಕಾರ ಟ್ಯಾಸಿಟಸ್ ಒಂದು ಕಡೆ ಬರೆಯುತ್ತಾನೆ. ವಯಸ್ಸಿನ ಲೆಕ್ಕ ನೋಡಿದರೆ ಮರಿಮಗಳಿರಬಹುದು, ಟಾಲೆಮಿಯ ಮಗಳೇ ಇರಬಹುದು. ಅವಳಿಂದ ಮುಂದಕ್ಕೆ ಎಳೆ ಸಿಗುವುದಿಲ್ಲ. ಮೂರನೇ ಶತಮಾನದಲ್ಲಿ ಸಿರಿಯದ ಪಾಲ್ಮೈರಾದ ರಾಣಿ ಜೆನೋಬಿಯಾ ತಾನು ಕ್ಲಿಯೋಪಾತ್ರಳ ಮನೆತನದವಳು ಅಂತ ಹೇಳಿಕೊಂಡಳಂತೆ. ಈಜಿಪ್ಟನ್ನು ಗೆಲ್ಲಲು ಹೊರಟವಳಿಗೆ ಆ ಸಂಬಂಧ ಬೇಕಿತ್ತು, ಪುರಾವೆ ಏನನ್ನೂ ಬಿಟ್ಟುಹೋಗಿಲ್ಲ. ಇವತ್ತು ಯಾರಾದರೂ ನಾನು ಕ್ಲಿಯೋಪಾತ್ರಳ ವಂಶ ಅಂದರೆ ನಂಬಬೇಡಿ. ಹೋಲಿಸಿ ನೋಡಲು ಕ್ಲಿಯೋಪಾತ್ರಳ ದೇಹವೂ ಇಲ್ಲ, ಆಕೆಯ ಸಮಾಧಿ ಇನ್ನೂ ಸಿಕ್ಕಿಲ್ಲ.